ಕಾಫಿ ಕುಡೀತೀರಾ ಅಂತ ಕೇಳಬೇಡ

ಬಸವನಗುಡಿ, ಬೆಂಗಳೂರು

ಚಿ. ಸಹನಾಗೆ ದೊಡ್ಡಮ್ಮನ ಆಶೀರ್ವಾದ.

ಭಾನುವಾರ ನಿನ್ನ ಮನೆಯಿಂದ ಬಂದ ಮೇಲೆ ದೊಡ್ಡಪ್ಪ ಏನು ಮಾಡಿದರು ಗೊತ್ತಾ? ಚಪ್ಪಲಿ ಬಿಟ್ಟವರೇ ಸೀದಾ ಅಡುಗೆಮನೆಗೆ ಹೋಗಿ, ಬೆಳಗಿನ ಅನ್ನಕ್ಕೆ ಮೊಸರು ಕಲಸಿಕೊಂಡು, ಉಪ್ಪಿನಕಾಯಿ ಹಾಕಿಕೊಂಡು ನಿಂತೇ ತಿಂದರು. ಮೊದಲು ನಗು ಬಂತು, ಆಮೇಲೆ ಪಾಪ ಅನ್ನಿಸಿತು. ನೀನು "ಏನಾದ್ರೂ ಆರ್ಡರ್ ಮಾಡಲಾ?" ಅಂತ ಮೂರು ಸಲ ಕೇಳಿದೆ, ಅವರು ಮೂರು ಸಲವೂ ಬೇಡಮ್ಮ ಅಂದರು. ಅದು ಬೇಡ ಅಂತಲ್ಲ ಕಣೇ. ನಮ್ಮ ಕಾಲದವರಿಗೆ ಕೇಳಿದರೆ ಬೇಡ ಅನ್ನೋದೇ ಅಭ್ಯಾಸ. ಅದೂ ನ್ಯಾಷನಲ್ ಕಾಲೇಜು ಹತ್ತಿರ ಮೆಟ್ರೋ ಹತ್ತಿ, ಮೆಜೆಸ್ಟಿಕ್‌ನಲ್ಲಿ ಇಳಿದು ನೇರಳೆ ಲೈನಿಗೆ ಬದಲಾಯಿಸಿ, ವೈಟ್‌ಫೀಲ್ಡ್ ತನಕ ಬಂದವರಿಗೆ ಹಸಿವಾಗಿರುತ್ತದೋ ಇಲ್ಲವೋ ನೀನೇ ಹೇಳು.

ಬೈಯುತ್ತಿದ್ದೇನೆ ಅಂದುಕೊಳ್ಳಬೇಡ, ವಾರವೆಲ್ಲ ದುಡಿದು ಸುಸ್ತಾಗಿದ್ದೆ, ಗೊತ್ತು. ಆದರೆ ಇನ್ಮೇಲೆ ಕೇಳಬೇಡ, ತಂದಿಡು. ಮೊದಲು ನೀರು, ಫ್ರಿಜ್ಜಿನದಲ್ಲ. ಆಮೇಲೆ ಕಾಫಿ. ಕೇಳಬೇಕಾದ್ದು ಒಂದೇ, ಸಕ್ಕರೆ ಹಾಕಲಾ ಬೇಡವಾ ಅಂತ (ದೊಡ್ಡಪ್ಪನಿಗೆ ಶುಗರ್ ಇದೆ, ಆದರೂ ಹಾಕು ಅನ್ನುತ್ತಾರೆ, ಹಾಕಬೇಡ). ಜನ ಬರುತ್ತಾರೆ ಅಂತ ಗೊತ್ತಾದ ಕೂಡಲೇ ಫಿಲ್ಟರಿಗೆ ನಾಲ್ಕು ಚಮಚ ಪುಡಿ ಹಾಕಿ, ಮೆಲ್ಲಗೆ ಒತ್ತಿ, ಕುದಿಯುವ ನೀರು ಸುರಿದಿಡು. 20 ನಿಮಿಷದಲ್ಲಿ ಡಿಕಾಕ್ಷನ್ ಇಳಿದಿರುತ್ತದೆ, ಅಷ್ಟರಲ್ಲಿ ಅವರು ಗೇಟಿನಲ್ಲಿ ಹೆಸರು ಬರೆಸಿ, ನಿಮ್ಮ ಬ್ಲಾಕ್ ಹುಡುಕಿಕೊಂಡು ಮೇಲೆ ಬಂದಿರುತ್ತಾರೆ.

ತಿಂಡಿಗೆ ಉಪ್ಪಿಟ್ಟು ಸಾಕು. ನೀವೆಲ್ಲ ಅದನ್ನು ಕಾಂಕ್ರೀಟ್ ಅನ್ನುತ್ತೀರಿ, ನೀರು ಕಮ್ಮಿ ಹಾಕಿದರೆ ಕಾಂಕ್ರೀಟೇ ಆಗುತ್ತದೆ. ಬನ್ಸಿ ರವೆಯನ್ನು ಘಮ್ ಅನ್ನುವ ತನಕ ಹುರಿದು, ಒಂದು ಲೋಟಕ್ಕೆ ಮೂರು ಲೋಟ ನೀರು ಹಾಕು. ಡಿಸೆಂಬರ್, ಜನವರಿಯಲ್ಲಾದರೆ ಒಂದು ಹಿಡಿ ಅವರೆಕಾಳು ಬೇಯಿಸಿ ಸೇರಿಸು. ಏನೂ ಆಗಲಿಲ್ಲವಾ, ಡಬ್ಬಿಯಲ್ಲಿ ಕೋಡುಬಳೆ ಇರಲಿ. ಅಂಗಡಿಯದಾದರೂ ಪರವಾಗಿಲ್ಲ, ನಾನೂ ಗಾಂಧಿ ಬಜಾರಿನಿಂದಲೇ ತರೋದು.

ಮನೆ ಗಲೀಜು ಅಂತ ಸುಮ್ನೆ ಸಾರಿ ಕೇಳುತ್ತಾ ಕೂರಬೇಡ. ಸೋಫಾ ಮೇಲಿನ ಬಟ್ಟೆ ಪಕ್ಕಕ್ಕೆ ತಳ್ಳಿದರೆ ಆಯಿತು. ಹೆಂಗಸರು ಅಡುಗೆಮನೆಗೆ ಬಂದರೆ ತಡೆಯಬೇಡ, ಕೊತ್ತಂಬರಿ ಸೊಪ್ಪು ಬಿಡಿಸಲು ಕೊಡು, ಮನಸ್ಸಿನ ಮಾತು ಅಲ್ಲೇ ಬಾಯಿಗೆ ಬರುತ್ತದೆ. ಹೊರಡುವಾಗ ಕುಂಕುಮ ಕೊಟ್ಟರೆ ಸಾಕು. ಬ್ಲೌಸ್ ಪೀಸ್ ಬೇಕೇ ಬೇಕು ಅಂತಿಲ್ಲ, ನಾನು ಕೊಟ್ಟದ್ದೇ ಹತ್ತು ಮನೆ ಸುತ್ತಿ ವಾಪಸ್ ನನ್ನ ಬೀರುವಿಗೆ ಬಂದದ್ದುಂಟು.

ಕಾರ್ತಿಕದ ಕೊನೆ ಸೋಮವಾರ ಕಡಲೆಕಾಯಿ ಪರಿಷೆ, ರಜೆ ಹಾಕಿ ಬಾ. ಗಾಡಿ ತರಬೇಡ, ನಿಲ್ಲಿಸಲು ಜಾಗ ಸಿಗುವುದಿಲ್ಲ. ಅಜ್ಜಿಯ ಹಿತ್ತಾಳೆ ಫಿಲ್ಟರ್ ನಿನಗೆ ಅಂತ ತಿಕ್ಕಿಟ್ಟಿದ್ದೇನೆ. ಮುಚ್ಚಳ ಸ್ವಲ್ಪ ಬಿಗಿ.

ನಿನ್ನ ದೊಡ್ಡಮ್ಮ