ನೀರು ನುಗ್ಗಿದ ಜಗಳದ ಬಗ್ಗೆ

ಎಲ್ಲರಿಗೂ ನಮಸ್ಕಾರ. ನಿನ್ನೆಯ ಮಳೆಗೆ ಹಿಂದಿನ ಸಾಲಿನ ಮನೆಗೆ ಮತ್ತೆ ನೀರು ನುಗ್ಗಿದೆ. ನಮ್ಮದು ಎರೆಮಣ್ಣು, ನೀರು ಬೇಗ ಇಂಗುವುದಿಲ್ಲ. ಬೆಳಗ್ಗೆಯಿಂದ ಗುಂಪಿನಲ್ಲಿ ಮೇಲಿನ ಮನೆಯವರಿಗೂ ತಗ್ಗಿನ ಮನೆಯವರಿಗೂ ಬರೀ ಜಗಳ. ಎರಡೂ ಮನೆಯವರು ನನಗೆ ಬೇಕಾದವರು, ಅದಕ್ಕೇ ಬರೆಯುತ್ತಿದ್ದೇನೆ.

ಮೇಲಿನ ಸೈಟಿನಲ್ಲಿ ಬಿದ್ದ ಮಳೆ ನೀರು ತಾನಾಗಿ ತಗ್ಗಿಗೆ ಹರಿದರೆ ಕೆಳಗಿನವರು ತಡೆಯುವಂತಿಲ್ಲ. 1882ರ ಈಸ್‌ಮೆಂಟ್ ಕಾಯ್ದೆಯ (ದಾರಿ, ನೀರಿಗೆ ಬೇರೆಯವರ ಜಾಗ ಬಳಸುವ ಹಕ್ಕಿನ ಕಾನೂನು) 7ನೇ ಸೆಕ್ಷನ್‌ನಲ್ಲೇ ಇದು ಇದೆ. ಆದರೆ ಬಚ್ಚಲು ನೀರನ್ನು, ತಾರಸಿ ಪೈಪನ್ನು ಪಕ್ಕದವರ ಗೋಡೆಗೆ ತಿರುಗಿಸುವುದು ಬೇರೆ. ಅದು ತಾನಾಗಿ ಹರಿದ ನೀರಲ್ಲ, ಅಲ್ವಾ? "ಮೊದಲಿಂದ ಹೀಗೇ ಬಿಡ್ತಿದ್ದೀವಿ" ಅಂದರೆ ಸಾಲದು. ಅದು ಹಕ್ಕಾಗಬೇಕಾದರೆ 20 ವರ್ಷ ಬಹಿರಂಗವಾಗಿ, ತಕರಾರಿಲ್ಲದೆ, ಹಕ್ಕಿನಿಂದ ಬಿಟ್ಟಿದ್ದನ್ನು ಕೋರ್ಟಿನಲ್ಲಿ ತೋರಿಸಬೇಕು.

ರಸ್ತೆ ಚರಂಡಿ ಕಟ್ಟಿಕೊಂಡಿದ್ದರೆ ಪಕ್ಕದವರನ್ನು ಬೈದು ಏನು ಬಂತು? ಮಹಾನಗರ ಪಾಲಿಕೆಗೆ ಅರ್ಜಿ ಕೊಟ್ಟು ಸ್ವೀಕೃತಿ ಇಟ್ಟುಕೊಳ್ಳಿ. ಫೋಟೊ ನೀರು ನಿಂತಿರುವಾಗಲೇ ತೆಗೆಯಿರಿ, ಒಣಗಿದ ಮೇಲೆ ಯಾರೂ ನಂಬುವುದಿಲ್ಲ.

ದಾವೆ ಹೂಡುವ ಮೊದಲು ದಾವಣಗೆರೆ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗೋಣ. ಅಲ್ಲಿ ರಾಜಿ ಮಾಡಿಸುವ ಲೋಕ ಅದಾಲತ್‌ಗೆ ಕೋರ್ಟ್ ಫೀ ಇಲ್ಲ. ಅಲ್ಲಿ ಆದ ರಾಜಿಗೆ ಕೋರ್ಟಿನ ಡಿಕ್ರಿಯಷ್ಟೇ (ತೀರ್ಪಿನ ಆದೇಶದಷ್ಟೇ) ಬಲ. ಹೆಣ್ಣುಮಕ್ಕಳಿಗೆ ಆದಾಯ ಎಷ್ಟೇ ಇರಲಿ, ವಕೀಲರ ನೆರವು ಉಚಿತ. ಸಹಾಯವಾಣಿ 15100.

ದಯವಿಟ್ಟು ರಾತ್ರೋರಾತ್ರಿ ಮಣ್ಣು ಸುರಿದು ಮೋರಿ ಮುಚ್ಚಬೇಡಿ. ತಗ್ಗಿನ ಮನೆಯಲ್ಲಿ ಬಾಣಂತಿ, ಹಸುಗೂಸು ಇದ್ದಾರೆ. ಭಾನುವಾರ ಬೆಳಗ್ಗೆ 10ಕ್ಕೆ ಎರಡೂ ಮನೆಯವರು ನಮ್ಮ ಮನೆಗೆ ಬನ್ನಿ. ಸೈಟಿನ ನಕ್ಷೆ ತನ್ನಿ, ಕೂತು ಮಾತಾಡೋಣ.