ಮಗಳ ದನಿಯನ್ನು ಕಾಪಾಡಿದವರಿಗೆ

ನಮ್ಮ ಮಗಳಿಗೆ ಈ ತಿಂಗಳು ಹದಿನೆಂಟು ತುಂಬಿತು. ಶಾಲೆಯ ಕೊನೆಯ ಪರೀಕ್ಷೆ ಅಬಿಟೂರ್ ಕೂಡ ಮುಗಿಯಿತು. ಬರ್ಲಿನ್‌ನ ಸ್ಟುಡಿಯೊಗಳಲ್ಲಿ ಮಕ್ಕಳ ಪಾತ್ರಗಳಿಗೆ ದನಿ ಕೊಡುತ್ತ, ಆಗೊಮ್ಮೆ ಈಗೊಮ್ಮೆ ಟೀವಿ ಚಿತ್ರಗಳಲ್ಲಿ ಸಣ್ಣ ಪಾತ್ರ ಮಾಡುತ್ತ ಬೆಳೆದ ಹುಡುಗಿ ಅವಳು. ಇನ್ನು ಮೇಲೆ ಅವಳು ಬಾಲ ಕಲಾವಿದೆ ಅಲ್ಲ. ಊರಿನಿಂದ ಫೋನ್ ಮಾಡಿದವರೆಲ್ಲ ಅವಳನ್ನು ಹೊಗಳುತ್ತಿದ್ದಾರೆ. ಆ ಹೊಗಳಿಕೆ ಅವಳಿಗೆ ಸಲ್ಲಬೇಕಾದದ್ದೇ. ಆದರೆ ತಾಯಿಯಾಗಿ ನಾನು ಇನ್ನೂ ಕೆಲವರಿಗೆ ಧನ್ಯವಾದ ಹೇಳಬೇಕು. ಸರಿಯಾದ ಹೊತ್ತಿಗೆ "ಇವತ್ತಿಗೆ ಸಾಕು, ಮಗು ಮನೆಗೆ ಹೋಗಲಿ" ಎಂದವರಿಗೆ. ಅವರಿಲ್ಲದಿದ್ದರೆ ಅವಳಿಗೆ ಕೆಲಸ ಸಿಗುತ್ತಿತ್ತೇನೋ, ಬಾಲ್ಯ ಉಳಿಯುತ್ತಿರಲಿಲ್ಲ.

ಮೊದಲು ಸ್ವಲ್ಪ ಹಿನ್ನೆಲೆ. ಡಬ್ಬಿಂಗ್ ಬೇಕೋ ಬೇಡವೋ ಎಂದು ಕನ್ನಡದಲ್ಲಿ ದಶಕಗಳ ಕಾಲ ಜಗಳ ನಡೆದದ್ದು ನಿಮಗೆಲ್ಲ ಗೊತ್ತೇ ಇದೆ. ಡಬ್ ಆದ ಚಿತ್ರಗಳು ಮತ್ತೆ ನಮ್ಮ ಥಿಯೇಟರುಗಳಿಗೆ ಬಂದದ್ದು 2017ರಲ್ಲಿ. ಜರ್ಮನಿಯ ಕಥೆ ಪೂರ್ತಿ ಬೇರೆ. ಇಲ್ಲಿ ಹೊರದೇಶದ ಸಿನಿಮಾ, ಸೀರಿಯಲ್, ಕಾರ್ಟೂನ್ ಹೆಚ್ಚುಕಡಿಮೆ ಎಲ್ಲವೂ ಜರ್ಮನ್‌ನಲ್ಲೇ ಮಾತಾಡುತ್ತವೆ. 1949ರಲ್ಲಿ ವೆನ್ಜೆಲ್ ಲ್ಯೂಡೆಕೆ ಪಶ್ಚಿಮ ಬರ್ಲಿನ್‌ನಲ್ಲಿ ಬರ್ಲಿನರ್ ಸಿಂಕ್ರೋನ್ ಸ್ಟುಡಿಯೊ ಶುರು ಮಾಡಿದರು. ಊರು ಎರಡಾಗಿದ್ದ ಆ ಕಾಲದಲ್ಲಿ, ಪೂರ್ವ ಬರ್ಲಿನ್‌ನ ಯೋಹಾನಿಸ್ಟಾಲ್‌ನಲ್ಲಿ, ಪೂರ್ವ ಜರ್ಮನಿಯ ಸರ್ಕಾರಿ ಚಿತ್ರಸಂಸ್ಥೆ ಡೆಫಾದವರು ಡಬ್ಬಿಂಗ್ ಮಾಡುತ್ತಿದ್ದರು. ಇವತ್ತಿಗೂ ಈ ಕೆಲಸಕ್ಕೆ ಬರ್ಲಿನ್ನೇ ದೊಡ್ಡ ಊರು. ಮ್ಯೂನಿಕ್, ಹ್ಯಾಂಬರ್ಗ್ ಆಮೇಲೆ. ಇಷ್ಟೆಲ್ಲ ಚಿತ್ರಗಳಲ್ಲಿ ಮಕ್ಕಳೂ ಇರುತ್ತಾರೆ ಅಲ್ವಾ? ಅವರಿಗೆ ದನಿ ಕೊಡಲು ಮಕ್ಕಳೇ ಬೇಕು. ಕೆಲವು ಪುಟ್ಟ ಪಾತ್ರಗಳನ್ನು ದೊಡ್ಡ ಹೆಂಗಸರು ಮಾಡುವುದುಂಟು. ಆದರೆ ಮಗುವಿನ ನಗು ಮಗುವಿನಿಂದ ಬಂದರೇ ಚೆನ್ನ ಎನ್ನುವುದು ನನ್ನ ಅಭಿಪ್ರಾಯ.

ಮಗಳ ಹಾಡಿನ ಗುಂಪಿಗೆ ಒಮ್ಮೆ ಡೈಲಾಗ್ ಡೈರೆಕ್ಟರ್ ಒಬ್ಬರು ಬಂದಿದ್ದರು. ಮಕ್ಕಳೆಲ್ಲರ ದನಿ ಕೇಳಿ, ಆಮೇಲೆ ನಮಗೆ ಫೋನ್ ಮಾಡಿದರು. ಅವಳಿನ್ನೂ ಸರಾಗವಾಗಿ ಓದಲು ಕಲಿತಿರಲಿಲ್ಲ. "ಓದು ಬರದಿದ್ದರೆ ಒಳ್ಳೆಯದೇ" ಎಂದರು ಅವರು. ಯಾಕೆಂದು ಮೊದಲ ದಿನವೇ ತಿಳಿಯಿತು. ಚಿತ್ರವನ್ನು ಕೆಲವೇ ಸೆಕೆಂಡುಗಳ ತುಂಡುಗಳಾಗಿ ಕತ್ತರಿಸಿರುತ್ತಾರೆ. ಒಂದೊಂದು ತುಂಡೂ ಒಂದು ಟೇಕ್. ಪರದೆಯ ಮೇಲೆ ಪಾತ್ರದ ಬಾಯಿ ಆಡುತ್ತದೆ, ಹೆಡ್‌ಫೋನ್‌ನಲ್ಲಿ ಮೂಲ ಭಾಷೆ ಕೇಳುತ್ತದೆ. ಡೈರೆಕ್ಟರ್ ಒಂದು ಸಾಲು ಹೇಳಿಕೊಡುತ್ತಾರೆ, ಮಗು ಅದನ್ನೇ ತಿರುಗಿ ಹೇಳುತ್ತದೆ. ನಮ್ಮಲ್ಲಿ ಬಾಯಿಪಾಠ ಮಾಡಿಸಿದ ಹಾಗೆಯೇ. ನನ್ನ ಅಮ್ಮ ಮೈಸೂರಿನಿಂದ ವಿಡಿಯೊ ಕರೆ ಮಾಡಿ ಮೊಮ್ಮಗಳಿಗೆ ಹಾಡು ಹೇಳಿಕೊಡುತ್ತಿದ್ದರು. ಅರ್ಥ ಗೊತ್ತಿಲ್ಲದಿದ್ದರೂ ದನಿಯ ಏರಿಳಿತವನ್ನು ಹಾಗೇ ಹಿಡಿಯುವುದು ಅವಳಿಗೆ ಅಲ್ಲೇ ರೂಢಿಯಾಗಿತ್ತು. ಅಮ್ಮಾ, ನಿನಗೆ ಮೊದಲ ಧನ್ಯವಾದ.

ಎರಡನೆಯದು ಆ ಡೈರೆಕ್ಟರ್‌ಗೆ. ಅವರ ಹೆಸರು ಇಲ್ಲಿ ಬರೆಯುವುದಿಲ್ಲ, ಅವರಿಗದು ಇಷ್ಟವಾಗುವುದಿಲ್ಲ. ಗಾಜಿನ ಆಚೆ ಕೂರದೆ ಮಗುವಿನ ಪಕ್ಕದಲ್ಲೇ ನೆಲದ ಮೇಲೆ ಕೂತು ಕೆಲಸ ಮಾಡಿದವರು ಅವರು. ಪ, ಬ, ಮ ಬಂದಲ್ಲಿ ಪರದೆಯ ಬಾಯಿಯೂ ಮುಚ್ಚಿರಬೇಕು, ಇಲ್ಲದಿದ್ದರೆ ನೋಡುವವರ ಕಣ್ಣಿಗೆ ಕಿರಿಕಿರಿ. ಇದನ್ನು ಅವರು ಪಾಠ ಮಾಡಲಿಲ್ಲ. ಅವಳು ದನಿ ಕೊಡುತ್ತಿದ್ದ ಕಾರ್ಟೂನಿನ ನರಿಮರಿ ಪರದೆಯ ಮೇಲೆ ತುಟಿ ಮುಚ್ಚಿದಾಗಲೆಲ್ಲ ಮೇಜಿನ ಮೇಲೆ ಬೆರಳಿನಿಂದ ಮೆಲ್ಲಗೆ ತಟ್ಟಿ ತೋರಿಸಿದರು. ಮಗಳೂ ತಟ್ಟಿದಳು. ಸ್ವಲ್ಪ ಹೊತ್ತಿಗೆ ತಟ್ಟುವುದೇ ಬೇಕಾಗಲಿಲ್ಲ. ಸರಸರ ಸದ್ದು ಮಾಡುವ ಜಾಕೆಟ್ ಹಾಕಿಕೊಂಡು ಬರಬಾರದು, ಹತ್ತಿಯ ಅಂಗಿ ಹಾಕಬೇಕು, ಹಸಿದ ಹೊಟ್ಟೆಯಲ್ಲಿ ಬಂದರೆ ಹೊಟ್ಟೆಯ ಗುರುಗುರು ಮೈಕಿಗೆ ಕೇಳಿಸುತ್ತದೆ, ಬಾಯಿ ಅಂಟಂಟಾದರೆ ಹಸಿರು ಸೇಬಿನ ಒಂದು ಹೋಳು ತಿನ್ನಬೇಕು. ಇವೆಲ್ಲ ನಾನೂ ಅಲ್ಲೇ ಕಲಿತೆ. ಕಿರುಚಾಟದ ಟೇಕುಗಳನ್ನು ಅವರು ಯಾವಾಗಲೂ ಕೊನೆಗೆ ಇಡುತ್ತಿದ್ದರು. ಮೊದಲೇ ಕಿರುಚಿದರೆ ಉಳಿದ ಸಾಲುಗಳಿಗೆ ದನಿ ಇರುವುದಿಲ್ಲ. ಅಳುವ ದೃಶ್ಯಕ್ಕಾಗಿ ಅವಳನ್ನು ಒಮ್ಮೆಯೂ ಅಳಿಸಲಿಲ್ಲ. "ಮೂಗು ಕಟ್ಟಿದೆ ಅಂದುಕೋ, ಉಸಿರು ತುಂಡು ತುಂಡಾಗಿ ಎಳೆ" ಎನ್ನುತ್ತಿದ್ದರು. ಅಷ್ಟೇ ಸಾಕಾಗುತ್ತಿತ್ತು.

ಇನ್ನು ಕಾನೂನು. ಒಂದು ಕಾನೂನಿಗೆ ಮನಸಾರೆ ಧನ್ಯವಾದ ಹೇಳುವುದು ವಿಚಿತ್ರ ಅನ್ನಿಸಬಹುದು. ಆದರೆ ನನಗೆ ಹೇಳಲೇಬೇಕು. ಜರ್ಮನಿಯಲ್ಲಿ ಚಿಕ್ಕ ಮಕ್ಕಳು ದುಡಿಯುವಂತಿಲ್ಲ. ಸಿನಿಮಾ, ರೇಡಿಯೊ, ನಾಟಕ, ಸಂಗೀತಕ್ಕೆ ಮಾತ್ರ ಮೊದಲೇ ಅರ್ಜಿ ಹಾಕಿ ವಿಶೇಷ ಅನುಮತಿ ಪಡೆಯಬಹುದು. ಚಿತ್ರೀಕರಣ, ರೆಕಾರ್ಡಿಂಗ್‌ಗಾದರೆ ಮೂರರಿಂದ ಆರು ವರ್ಷದ ಮಕ್ಕಳಿಗೆ ದಿನಕ್ಕೆ 2 ಗಂಟೆ, ಅದೂ ಬೆಳಿಗ್ಗೆ 8ರಿಂದ ಸಂಜೆ 5ರೊಳಗೆ. ಆರು ದಾಟಿದವರಿಗೆ 3 ಗಂಟೆ, ರಾತ್ರಿ 10ರ ಒಳಗೆ. ಕೆಲಸ ಮುಗಿದ ಮೇಲೆ 14 ಗಂಟೆ ಬಿಡುವು ಕೊಡಲೇಬೇಕು. ಅಪ್ಪ ಅಮ್ಮನ ಒಪ್ಪಿಗೆ ಬರಹದಲ್ಲಿರಬೇಕು. ಡಾಕ್ಟರ ಪತ್ರ ಮೂರು ತಿಂಗಳಿಗಿಂತ ಹಳೆಯದಾಗಿರಬಾರದು. ಓದಿಗೆ ತೊಂದರೆ ಆಗಬಾರದು. ಮಕ್ಕಳ ಹಿತ ನೋಡುವ ಯೂಗೆಂಡ್‌ಆಮ್ಟ್ ಕಚೇರಿಯ ಅಭಿಪ್ರಾಯವನ್ನೂ ಕೇಳುತ್ತಾರೆ. ನಮ್ಮ ಅರ್ಜಿ ನೋಡುತ್ತಿದ್ದ ಅಧಿಕಾರಿ ಒಮ್ಮೆ ಫೋನ್ ಮಾಡಿ ಮಗಳನ್ನೇ ಮಾತಾಡಿಸಿದರು: "ನಿನಗೆ ಹೋಗಲು ಇಷ್ಟವಾ? ಇಲ್ಲ ಅಂದರೂ ಯಾರೂ ಬಯ್ಯುವುದಿಲ್ಲ." ಆ ಒಂದು ಪ್ರಶ್ನೆಗೆ ನಾನು ಅವರಿಗೆ ಋಣಿ.

ಅವಳ ಮೂರನೇ ಕ್ಲಾಸಿನ ಚಳಿಗಾಲದಲ್ಲಿ ಬ್ರಾಂಡೆನ್‌ಬುರ್ಗ್‌ನ ಒಂದು ಹಳ್ಳಿಯಲ್ಲಿ ಶೂಟಿಂಗ್ ಇತ್ತು. ಹಿಮ ಬೀಳುತ್ತಿತ್ತು. ಇನ್ನೊಂದೇ ಶಾಟ್ ಬಾಕಿ, ಅವಳ ಸಮಯ ಮುಗಿಯುತ್ತಾ ಬಂದಿತ್ತು. ತಂಡದವರೊಬ್ಬರು ಓಡಿ ಬಂದು, "ಇನ್ನೊಂದು ಅರ್ಧ ಗಂಟೆ, ಅಷ್ಟೇ, ದಯವಿಟ್ಟು" ಎಂದರು. ಐವತ್ತು ಜನ ಚಳಿಯಲ್ಲಿ ನಿಂತು ನಿಮ್ಮನ್ನೇ ನೋಡುತ್ತಿರುವಾಗ ಬೇಡ ಅನ್ನುವುದು ಯಾವ ತಾಯಿಗೂ ಸುಲಭವಲ್ಲ. ನಾನು ಬಾಯಿ ತೆರೆಯುವ ಮುಂಚೆಯೇ, ಮಕ್ಕಳನ್ನು ನೋಡಿಕೊಳ್ಳಲು ಸೆಟ್‌ನಲ್ಲಿದ್ದ ಮೇಡಂ ಮಗಳ ಹೆಗಲ ಮೇಲೆ ಕಂಬಳಿ ಹೊದಿಸಿದರು. ಕೈಯಲ್ಲಿದ್ದ ಹಾಳೆಯಲ್ಲಿ ಗಂಟೆ ಬರೆದರು. "ಇವತ್ತಿಗೆ ಇಷ್ಟೇ" ಎಂದರು. ದನಿ ಏರಿಸಲಿಲ್ಲ, ಕ್ಷಮೆಯನ್ನೂ ಕೇಳಲಿಲ್ಲ. ಉಳಿದ ಶಾಟನ್ನು ಕುಳ್ಳಗಿದ್ದ ದೊಡ್ಡವರೊಬ್ಬರಿಗೆ ಮಗಳ ಕೋಟು, ಟೋಪಿ ಹಾಕಿಸಿ ಹಿಂದಿನಿಂದ ತೆಗೆದರು. ಟೀವಿಯಲ್ಲಿ ನೋಡಿದಾಗ ಯಾರಿಗೂ ಗೊತ್ತಾಗಲಿಲ್ಲ. ಮೇಡಂ, ಅವತ್ತು ವ್ಯಾನಿನಲ್ಲಿ ನೀವು ಅವಳ ಒದ್ದೆ ಕಾಲುಚೀಲ ಬದಲಿಸಿದ್ದು ನನಗಿನ್ನೂ ನೆನಪಿದೆ. ತುಂಬಾ ಧನ್ಯವಾದ.

ನಮ್ಮತ್ತೆಗೆ, ಅಂದರೆ ಅವಳ ಓಮಾಗೆ, ಏನು ಹೇಳಿದರೂ ಕಡಿಮೆಯೇ. ನಾವಿಬ್ಬರೂ ಕೆಲಸದಲ್ಲಿದ್ದಾಗ ಪಾಟ್ಸ್‌ಡಾಮ್‌ನಿಂದ ಎಸ್-ಬಾನ್ ರೈಲು ಹತ್ತಿ ಬಂದು, ಶಾಲೆಯಿಂದ ಮೊಮ್ಮಗಳನ್ನು ಕರೆದುಕೊಂಡು ಸ್ಟುಡಿಯೊಗೆ ಹೋಗುತ್ತಿದ್ದರು. ಹೊರಗಿನ ಬೆಂಚಿನಲ್ಲಿ ಕೂತು ಉಲ್ಲನ್ ಹೆಣೆಯುತ್ತಿದ್ದರು. ಮಗು ಹೊರಗೆ ಬಂದಾಗ "ಹೇಗೆ ಮಾಡಿದೆ?" ಎಂದು ಅವರು ಯಾವತ್ತೂ ಕೇಳಲಿಲ್ಲ. "ಹಸಿವಾಯ್ತಾ?" ಎಂದೇ ಕೇಳುತ್ತಿದ್ದರು.

ಕಷ್ಟದ ಕಾಲವೂ ಬಂತು. ಹದಿಮೂರರ ಹೊತ್ತಿಗೆ ಅವಳ ದನಿ ಒರಟಾಗತೊಡಗಿತು. ದನಿಯ ತಜ್ಞೆ ಪುಟ್ಟ ಕ್ಯಾಮೆರಾ ಇಟ್ಟು ನೋಡಿದರು. ಗಂಟಲಿನ ದನಿತಂತುಗಳು ಊದಿಕೊಂಡಿದ್ದವು. ಕಿರುಚುವುದು ಬೇಡ, ಪಿಸುಗುಟ್ಟುವುದಂತೂ ಬೇಡವೇ ಬೇಡ, ಅದರಿಂದಲೂ ಗಂಟಲಿಗೆ ಜಾಸ್ತಿ ಆಯಾಸ ಎಂದರು. ವಾರಗಟ್ಟಲೆ ರೆಕಾರ್ಡಿಂಗ್ ನಿಂತಿತು. ನೀರು ತುಂಬಿದ ಲೋಟದೊಳಗೆ ಸ್ಟ್ರಾ ಇಟ್ಟು, "ಊ" ಎನ್ನುತ್ತ ಗುಳ್ಳೆ ಎಬ್ಬಿಸುವ ಅಭ್ಯಾಸ ಕೊಟ್ಟರು. ಅವಳು ಅಡುಗೆಮನೆಯಲ್ಲಿ ಕೂತು ದಿನವೂ ಅದನ್ನೇ ಮಾಡುತ್ತಿದ್ದಳು, ಕಣ್ಣಲ್ಲಿ ನೀರು ತುಂಬಿಕೊಂಡು. ಆ ದಿನಗಳಲ್ಲಿ ತಾರೀಕು ಮುಂದೆ ಹಾಕಿದ ಸ್ಟುಡಿಯೊದವರಿಗೆ, ಒಂದು ಮಾತೂ ಆಡದೆ ಬಂದು ಸುಮ್ನೆ ಜೊತೆಗೆ ಕೂತು ಚಿತ್ರ ಬರೆಯುತ್ತಿದ್ದ ಅವಳ ಗೆಳತಿಗೆ, ಬಾಯಲ್ಲಿ ಕೇಳಬೇಕಾದ ಪ್ರಶ್ನೆಗಳನ್ನು ಬರವಣಿಗೆಯಲ್ಲಿ ಕೊಟ್ಟ ಟೀಚರ್‌ಗೆ ನಮ್ಮ ಮನೆಯವರೆಲ್ಲರ ವಂದನೆ.

ಊತ ಇಳಿಯಿತು. ಆದರೆ ದನಿ ಮೊದಲಿನ ಹಾಗೆ ಉಳಿಯಲಿಲ್ಲ. ಇದು ಕಾಯಿಲೆಯಲ್ಲ, ವಯಸ್ಸು. ಹುಡುಗರ ದನಿ ಒಡೆದಾಗ ಹೆಚ್ಚುಕಡಿಮೆ ಒಂದು ಪೂರ್ತಿ ಸ್ಥಾಯಿ ಕೆಳಗಿಳಿಯುತ್ತದೆ. ಹುಡುಗಿಯರ ದನಿಯೂ ಇಳಿಯುತ್ತದೆ, ಸ್ವಲ್ಪವೇ. ಅವಳು ದನಿ ಕೊಡುತ್ತಿದ್ದದ್ದು ಕಾರ್ಟೂನಿನ ನರಿಮರಿಗೆ. ಅದಕ್ಕೆ ವಯಸ್ಸಾಗುವುದೇ ಇಲ್ಲ.

ಅದೃಷ್ಟ ಇದ್ದವರ ದನಿ ಪಾತ್ರದ ಜೊತೆಗೇ ಬೆಳೆಯುತ್ತದೆ. ಗೇಬ್ರಿಯೆಲ್ ಪೀಟರ್‌ಮನ್ ಹುಡುಗಿಯಾಗಿದ್ದಾಗ ಹ್ಯಾರಿ ಪಾಟರ್ ಚಿತ್ರಗಳ ಹರ್ಮಾಯಿನಿಗೆ ಜರ್ಮನ್ ದನಿಯಾದರು, ಆ ಪಾತ್ರ ಮಾಡಿದ ಎಮ್ಮಾ ವಾಟ್ಸನ್ ದೊಡ್ಡವರಾದ ಮೇಲೂ ಅವರೇ ದನಿ. ಅದೇ ಚಿತ್ರಗಳಲ್ಲಿ ಹ್ಯಾರಿಯ ದನಿ ಮಾತ್ರ ಮೂರನೆಯ ಭಾಗದಿಂದ ಬೇರೆ ಹುಡುಗನದಾಯಿತು. ಧ್ವನಿ ನಾಟಕಗಳಲ್ಲಿ ಇನ್ನೂ ಸೊಗಸು. 1979ರಲ್ಲಿ ಶುರುವಾದ ಒಂದು ಪತ್ತೇದಾರಿ ಮಾಲೆಯಲ್ಲಿ ಮೂವರು ಹುಡುಗರಾಗಿ ಮಾತಾಡಿದ ಆಲಿವರ್ ರೋರ್‌ಬೆಕ್, ಯೆನ್ಸ್ ವಾವ್ರ್‌ಚೆಕ್, ಆಂಡ್ರಿಯಾಸ್ ಫ್ರೋಲಿಶ್ ಈಗಲೂ ಅದೇ ಹುಡುಗರು. ಕೇಳುತ್ತ ಬೆಳೆದವರೂ ಅವರ ಜೊತೆಗೆ ದೊಡ್ಡವರಾಗಿದ್ದಾರೆ.

ನಮ್ಮ ಮಗಳಿಗೆ ಆ ಭಾಗ್ಯ ಇರಲಿಲ್ಲ. ಆದರೆ ನರಿಮರಿಗೆ ಅವಳ ದನಿ ಇನ್ನು ಹೊಂದುವುದಿಲ್ಲ ಎಂಬ ಸುದ್ದಿಯನ್ನು ಡೈರೆಕ್ಟರ್ ಇಮೇಲ್‌ನಲ್ಲಿ ಕಳಿಸಲಿಲ್ಲ. ನನಗೂ ಮೊದಲು ಹೇಳಲಿಲ್ಲ. ಅವಳನ್ನು ಕರೆದು ಎದುರಿಗೆ ಕೂರಿಸಿಕೊಂಡು, ಅವಳದೇ ಹಳೆಯ ಟೇಕ್ ಒಂದನ್ನೂ ಹೊಸದೊಂದನ್ನೂ ಕೇಳಿಸಿದರು. "ನಿನಗೇನು ಅನ್ನಿಸುತ್ತೆ?" ಎಂದು ಕೇಳಿದರು. ಅವಳೇ ಹೇಳಿದಳಂತೆ, "ಇದು ಈಗ ನರಿಮರಿ ಅಲ್ಲ, ಅದರ ಅಕ್ಕ." ಆಮೇಲೆ ಎಂಟು ವರ್ಷದ ಹೊಸ ಹುಡುಗಿ ಬಂದಾಗ ಅವಳನ್ನು ಪಕ್ಕದಲ್ಲಿ ಕೂರಿಸಿಕೊಂಡು, ತುಟಿ ಮುಚ್ಚುವ ಕಡೆ ಮೇಜು ತಟ್ಟಿ ತೋರಿಸಿದ್ದು ನನ್ನ ಮಗಳೇ. ಒಂದು ಮಗುವಿನ ಕೆಲಸವನ್ನು ಇಷ್ಟು ಮರ್ಯಾದೆಯಿಂದ ಮುಗಿಸಿಕೊಡಬಹುದು ಎಂದು ನನಗೆ ಗೊತ್ತಿರಲಿಲ್ಲ. ಸರ್, ನಿಮ್ಮ ಈ ಉಪಕಾರವನ್ನು ನಾವು ಮರೆಯುವುದಿಲ್ಲ.

ಈ ಕ್ಷೇತ್ರದ ಹಿರಿಯ ಕಲಾವಿದರಿಗೂ ಒಂದು ಮಾತು. 2025ರಲ್ಲಿ ಅವರು ತಮ್ಮ ದನಿಗಳನ್ನು ಕೃತಕ ಬುದ್ಧಿಮತ್ತೆಯಿಂದ ಕಾಪಾಡಿ ಎಂದು ಎಲ್ಲರ ಮುಂದೆ ಬಂದು ಕೇಳಿಕೊಂಡರು. ಅವರು ಮಾತಾಡಿದ್ದು ಮಕ್ಕಳ ಪರವಾಗಿಯೂ ಹೌದು ಎಂದೇ ನಾನು ತಿಳಿದಿದ್ದೇನೆ. ಅವಳ ಏಳನೇ ವಯಸ್ಸಿನ ದನಿಯನ್ನು ಯಂತ್ರವೊಂದು ಅನುಕರಿಸಬಹುದೋ ಬೇಡವೋ ಎಂದು ಹೇಳುವ ಹಕ್ಕು ಅವಳದು. ನಾನು ಕೂಡ ಅವಳ ಪರವಾಗಿ ಅದನ್ನು ಮಾರಲಾರೆ.

ಇನ್ನು ಎಲ್ಲರೂ ಕೇಳುತ್ತಿರುವ ಪ್ರಶ್ನೆ: ಮುಂದೇನು? ಅವಳು ನಟನಾ ಶಾಲೆಗೆ ಹೋಗುತ್ತಿಲ್ಲ. ಮಾತು ಮತ್ತು ದನಿಯ ತೊಂದರೆ ಇದ್ದವರಿಗೆ ನೆರವಾಗುವ ಲೋಗೋಪೆಡಿ ತರಬೇತಿಗೆ ಸೇರುತ್ತಿದ್ದಾಳೆ. ಮೂರು ವರ್ಷದ ಓದು. ನೀರಿನ ಲೋಟ, ಸ್ಟ್ರಾ ಕೊಟ್ಟ ಆ ತಜ್ಞೆಯೇ ಅವಳಿಗೆ ದಾರಿ ತೋರಿಸಿದ್ದು. ಅವರಿಗೆ ಅವಳೇ ಬೇರೆ ಪತ್ರ ಬರೆದಿದ್ದಾಳೆ. ಬಿಡುವಿದ್ದಾಗ ದೊಡ್ಡವರ ಪಾತ್ರಗಳಿಗೆ ದನಿ ಕೊಡುತ್ತಾಳಂತೆ. ಅದು ಅವಳಿಷ್ಟ.

ಭಾನುವಾರ ಮಧ್ಯಾಹ್ನ ಮನೆಯಲ್ಲಿ ಸಣ್ಣ ಊಟ ಇಟ್ಟುಕೊಂಡಿದ್ದೇವೆ. ಬರ್ಲಿನ್‌ನಲ್ಲಿರುವ ಗೆಳೆಯರೆಲ್ಲ ಬನ್ನಿ. ಬಿಸಿಬೇಳೆಬಾತ್ ನಾನು ಮಾಡುತ್ತೇನೆ, ಆಲೂಗಡ್ಡೆ ಸಲಾಡ್ ಓಮಾ ತರುತ್ತಾರೆ. ಮಕ್ಕಳನ್ನೂ ಕರೆದುಕೊಂಡು ಬನ್ನಿ, ಎಷ್ಟು ಗಲಾಟೆ ಮಾಡಿದರೂ ಪರವಾಗಿಲ್ಲ.