ಸ್ನೇಹಲತಾ ರೆಡ್ಡಿ ನಟಿ ಕೂಡ ಹೌದು ಸ್ವಾಮಿ

ಸಂಪಾದಕರಿಗೆ ನಮಸ್ಕಾರ,

ಎಮರ್ಜೆನ್ಸಿಗೆ 50 ವರ್ಷ ಆಯ್ತು ಅಂತ ಎಲ್ಲಾ ಪೇಪರಲ್ಲೂ ಲೇಖನ ಬಂದ್ವು, ಸುಮಾರು ಕಡೆ ಸ್ನೇಹಲತಾ ರೆಡ್ಡಿ ಹೆಸರೂ ಇತ್ತು, ಸಂತೋಷ. ಆದ್ರೆ ಎಲ್ರೂ ಬರಿಯೋದು ಒಂದೇ, 1976ರ ಮೇನಲ್ಲಿ ಅರೆಸ್ಟು, ಬರೋಡ ಡೈನಮೈಟ್ ಕೇಸು (ಡೈನಮೈಟ್ ಇಟ್ಟು ಸರ್ಕಾರದ ವಿರುದ್ಧ ಸಂಚು ಮಾಡಿದ್ರು ಅನ್ನೋ ಆರೋಪ), ಬೆಂಗಳೂರು ಸೆಂಟ್ರಲ್ ಜೈಲು, ಆಸ್ತಮಾ, ಪೆರೋಲ್ ಮೇಲೆ ಹೊರಗೆ ಬಂದು 1977ರ ಜನವರಿ 20ಕ್ಕೆ ತೀರ್ಕೊಂಡ್ರು. ನಿಜಾನೇ, ಮರೀಬಾರದ ಅನ್ಯಾಯಾನೇ. ಆದ್ರೆ ಆಯಮ್ಮ ಎಂಥಾ ಕಲಾವಿದೆ ಅನ್ನೋದನ್ನ ಯಾರಾದ್ರೂ ಎರಡು ಸಾಲು ಬರೀತಾರಾ?

'ಸಂಸ್ಕಾರ' ಸಿನಿಮಾದಲ್ಲಿ ಅವರು ಮಾಡಿದ ಚಂದ್ರಿ ಪಾತ್ರ ನೋಡಿ. ಚಂದ್ರಿ ಜೊತೆ ಬಾಳ್ತಿದ್ದ, ಆಚಾರ ಬಿಟ್ಟ ಬ್ರಾಹ್ಮಣ ನಾರಣಪ್ಪನ ಹೆಣ ಮನೇಲೇ ಬಿದ್ದಿದೆ, ಅವನ ಸಂಸ್ಕಾರ ನಾವ್ಯಾಕೆ ಮಾಡ್ಬೇಕು ಅಂತ ಅಗ್ರಹಾರದವರೆಲ್ಲಾ ನುಣುಚ್ಕೊಳ್ತಿದಾರೆ, ಆಗ ಚಂದ್ರಿ ಮೈಮೇಲಿನ ಒಡವೆ ಬಿಚ್ಚಿ ಅಗ್ರಹಾರದ ಪಂಡಿತ ಪ್ರಾಣೇಶಾಚಾರ್ಯರ ಮುಂದೆ ಇಡ್ತಾಳೆ, ತಗೊಳ್ಳಿ ಇದ್ರಲ್ಲೇ ಮಾಡ್ಸಿ ಅಂತ. ಚಿನ್ನ ಕಂಡಿದ್ದೇ ತಡ, ಅಲ್ಲೀವರೆಗೂ ಒಲ್ಲೆ ಅಂತಿದ್ದವರ ಬಾಯಲ್ಲೆಲ್ಲಾ ನೀರು. ಇಡೀ ಊರಿನ ಬಣ್ಣ ಬಯಲು ಮಾಡೋ ಪಾತ್ರಕ್ಕೆ ಮಾತು ಕಮ್ಮಿ, ಉದ್ದ ಡೈಲಾಗಿಲ್ಲ, ಹಾಡಂತೂ ಇಲ್ವೇ ಇಲ್ಲ, ಆದ್ರೂ ಕಾರ್ನಾಡ್, ಲಂಕೇಶ್ ಅಂಥವರಿದ್ದ ಸಿನಿಮಾದಲ್ಲಿ ನನಗೆ ಮೊದಲು ನೆನಪಾಗೋ ಮುಖ ಇವರದ್ದೇ.

ಇವರೇನು ಗಾಂಧಿನಗರದ ಹೀರೋಯಿನ್ ಅಲ್ಲ. ಮದ್ರಾಸ್ ಪ್ಲೇಯರ್ಸ್ ತಂಡ ಕಟ್ಟಿದವರಲ್ಲಿ ಒಬ್ರು, ಇಂಗ್ಲಿಷ್ ನಾಟಕದಿಂದ ಬಂದವರು. ಗಂಡ ಪಟ್ಟಾಭಿರಾಮ ರೆಡ್ಡಿ ತೆಲುಗು ಕವಿ, ಈ ಸಿನಿಮಾದ ಡೈರೆಕ್ಟರ್ರೂ ಅವರೇ, ಕ್ಯಾಮೆರಾ ಹಿಡಿದವನು ಆಸ್ಟ್ರೇಲಿಯಾದ ಟಾಮ್ ಕೋವನ್. ಮದ್ರಾಸಿನ ಸೆನ್ಸಾರಿನವರು ಸರ್ಟಿಫಿಕೇಟ್ ಕೊಡಲ್ಲ ಅಂದ್ರು, ಕೊನೆಗೆ ಕೇಂದ್ರ ಸರ್ಕಾರದಿಂದ ಪರ್ಮಿಷನ್ ಸಿಕ್ತು, ಆಮೇಲೆ ಕನ್ನಡಕ್ಕೆ ಮೊದಲ ಸ್ವರ್ಣಕಮಲ, ಅಂದ್ರೆ ದೇಶದ ಅತ್ಯುತ್ತಮ ಸಿನಿಮಾ ಅನ್ನೋ ರಾಷ್ಟ್ರಪ್ರಶಸ್ತಿ, ತಂದುಕೊಟ್ಟಿದ್ದೂ ಅದೇ ಸಿನಿಮಾ (ನಮ್ಮಲ್ಲಿ ಯಾವಾಗ್ಲೂ ಹಿಂಗೇ ಬಿಡಿ). ಇಂಥ ರಿಸ್ಕ್ ಇರೋ ಕತೇನೇ ಆರಿಸ್ಕೊಂಡ ಹೆಂಗಸು ಮುಂದೆ ಜೈಲಲ್ಲಿ ಹೆಣ್ಣು ಕೈದಿಗಳ ಪರ ಜಗಳಕ್ಕೆ ನಿಂತ್ರು, ಡೈರಿ ಬರೆದ್ರು ಅಂದ್ರೆ ನನಗೇನೂ ಆಶ್ಚರ್ಯ ಆಗಲ್ಲ. ನಟಿ ಬೇರೆ, ಹೋರಾಟಗಾರ್ತಿ ಬೇರೆ ಅಂತ ಭಾಗ ಮಾಡಿಟ್ಟವರು ನಾವೇ.

ಆ ಹಳೇ ಸೆಂಟ್ರಲ್ ಜೈಲೇ ಈಗಿನ ಫ್ರೀಡಂ ಪಾರ್ಕ್. ಚಲನಚಿತ್ರ ಅಕಾಡೆಮಿಯವರು ಜನವರಿ 20ಕ್ಕೆ ಅಲ್ಲೊಂದು ಪರದೆ ಕಟ್ಟಿ, ಒಳ್ಳೆ ಪ್ರಿಂಟ್ ಹುಡುಕಿ 'ಸಂಸ್ಕಾರ' ತೋರಿಸ್ಲಿ, ಟಿಕೆಟ್ಟು ಬೇಡ, ಮಂತ್ರಿಗಳ ಭಾಷಣಾನೂ ಬೇಡ. ಜೊತೆಗೆ ಆಗ ಸೆಟ್ಟಲ್ಲಿದ್ದವರು ಯಾರಾದ್ರೂ ಇದ್ರೆ ಕರೆಸಿ ಮಾತಾಡಿಸ್ಲಿ. ನೀವೂ ಆ ವಾರದ ಸಿನಿಮಾ ಪುರವಣೀಲಿ ಅವರ ಅಭಿನಯದ ಬಗ್ಗೆ ಅರ್ಧ ಪುಟ ಕೊಡಿ ಸಾರ್.

ಇತಿ ನಿಮ್ಮ ಓದುಗ,
ಬೆಂಗಳೂರು